ಡಿಂಗನ ಹುಟ್ಟೂರು ಕೋಟ್ಟಯಂ: ಮಲಯಾಳಂ ಮಕ್ಕಳ ಪತ್ರಿಕೆಗಳು ಮತ್ತು ಚಿತ್ರಕಥೆಗಳು

(ಗ್ರಂಥಾಲಯವೊಂದರಲ್ಲಿ ಓದುಗರ ಮುಂದೆ ಆಡಿದ ಮಾತು. ಬರಹಕ್ಕೆ ಇಳಿಸುವಾಗ ಮಾತಿನ ಧಾಟಿಯನ್ನು ಆದಷ್ಟು ಹಾಗೇ ಬಿಟ್ಟಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಮಕ್ಕಳ ಪತ್ರಿಕೆ ಬಾಲಮಂಗಳ ಓದಿ ಬೆಳೆದವರು ಇಲ್ಲಿ ಎಷ್ಟು ಜನ ಇದ್ದೀರಿ? ಸುಮ್ನೆ ಒಮ್ಮೆ ಕೈ ಎತ್ತಿ. ಪರವಾಗಿಲ್ಲ, ಅರ್ಧ ಸಭೆ ನಮ್ಮ ಪಾರ್ಟಿಯೇ. ಹಾಗಾದರೆ ಡಿಂಗ ಯಾರು ಅಂತ ನಾನು ಹೇಳಬೇಕಾಗಿಲ್ಲ. ಉಳಿದವರಿಗಾಗಿ ಹೇಳುತ್ತೇನೆ: ಡಿಂಗ ಒಂದು ಇಲಿ. ಹಾರುತ್ತಾನೆ, ದುಷ್ಟರಿಗೆ ಬಾರಿಸುತ್ತಾನೆ, ಕಾಡಿನ ಬಡಪಾಯಿ ಪ್ರಾಣಿಗಳನ್ನು ಕಾಪಾಡುತ್ತಾನೆ. ಅದೇ ಪುಸ್ತಕದಲ್ಲಿ ಲಂಬೋದರ, ಶಕ್ತಿಮದ್ದು, ಕಾಡಿನ ಕಿಟ್ಟ ಅಂತ ಬೇರೆ ಕಥೆಗಳೂ ಇದ್ದವು. ಬಸ್ ಸ್ಟ್ಯಾಂಡಿನ ಪೇಪರ್ ಅಂಗಡಿಯಲ್ಲಿ ದಾರಕ್ಕೆ ನೇತು ಹಾಕಿರುತ್ತಿದ್ದ ಆ ಪುಸ್ತಕಕ್ಕೆ ಅಪ್ಪನ ಹತ್ತಿರ ಹಟ ಹಿಡಿದವರು ಬಹಳ ಜನ ಇರಬೇಕು.

ಈ ಡಿಂಗ ಹುಟ್ಟಿದ್ದು ಕೋಟ್ಟಯಂನಲ್ಲಿ. ಅಲ್ಲಿ ಅವನ ಹೆಸರು ಡಿಂಕನ್. ಬರೆದವರು ಎನ್. ಸೋಮಶೇಖರನ್, ಚಿತ್ರ ಬಿಡಿಸಿದವರು ಬೇಬಿ ಎಂಬ ಕಲಾವಿದರು, ವರ್ಷ 1983. ಮಂಗಳಂ ಸಂಸ್ಥೆಯ ಮಕ್ಕಳ ಪತ್ರಿಕೆ ಬಾಲಮಂಗಳಂನಲ್ಲಿ ಅವನ ಕಥೆ ಬರುತ್ತಿತ್ತು. ಅದೇ ಸಂಸ್ಥೆ ಕನ್ನಡದಲ್ಲಿ ಮಂಗಳ ವಾರಪತ್ರಿಕೆ ತಂದಿತು, ಬಾಲಮಂಗಳ ತಂದಿತು, ಇನ್ನೂ ಚಿಕ್ಕ ಮಕ್ಕಳಿಗೆ ಗಿಳಿವಿಂಡು ತಂದಿತು. ಹಾಗಾಗಿ ಶಿವಮೊಗ್ಗದ ಹುಡುಗ, ಆಲಪ್ಪುಳದ ಹುಡುಗ ಇಬ್ಬರೂ ಒಂದೇ ಇಲಿಯನ್ನು ಓದಿಕೊಂಡು ದೊಡ್ಡವರಾದರು. ಒಬ್ಬರಿಗೊಬ್ಬರು ಗೊತ್ತಿಲ್ಲ, ಅಷ್ಟೇ.

ನಾನು ಕಾಸರಗೋಡಿನ ಕಡೆಯ ಮನುಷ್ಯ. ನಮ್ಮ ಕಡೆ ಮನೆಯಲ್ಲಿ ಒಂದು ಭಾಷೆ, ಶಾಲೆಯಲ್ಲಿ ಇನ್ನೊಂದು, ಪೇಟೆಯಲ್ಲಿ ಮತ್ತೊಂದು. ಪೇಪರ್ ಅಂಗಡಿಯಲ್ಲಿ ಎರಡೂ ಲಿಪಿಯ ಪುಸ್ತಕ ಅಕ್ಕಪಕ್ಕ ನೇತಾಡುತ್ತವೆ. ಆದ್ದರಿಂದ ಇವತ್ತಿನ ವಿಷಯ ನನಗೆ ಪಕ್ಕದ ರಾಜ್ಯದ್ದು ಅಂತ ಅನ್ನಿಸುವುದೇ ಇಲ್ಲ. ಆದರೂ ಡಿಂಗನನ್ನು ಸ್ವಲ್ಪ ಹೊತ್ತು ಇಲ್ಲೇ ಕೂರಿಸಿ, ಅವನ ಊರಿನ ಕಡೆ ಹೋಗೋಣ.

ಕೇರಳದ ಮಕ್ಕಳ ಪತ್ರಿಕೆಗಳ ಬಗ್ಗೆ ಮಾತಾಡುವವರು ಸಾಮಾನ್ಯವಾಗಿ ಹೇಳುವ ಮಾತು ಒಂದಿದೆ. ಅವು ಮಕ್ಕಳಿಗೆ ಓದುವ ಅಭ್ಯಾಸ ಮಾಡಿಸಿದವು, ಆ ಮಕ್ಕಳು ದೊಡ್ಡವರಾಗಿ ಒಳ್ಳೆಯ ಸಾಹಿತ್ಯ ಓದಿದರು ಅಂತ. ಸುಳ್ಳಲ್ಲ. ಆದರೆ ನನಗೆ ಅದಕ್ಕಿಂತ ಬೇರೆ ಒಂದು ಸಂಗತಿ ಕಾಣುತ್ತದೆ. ಈ ಪತ್ರಿಕೆಗಳ ಪಾತ್ರಗಳು ಬಾಲ್ಯದ ಜೊತೆಗೆ ಮುಗಿದು ಹೋಗಲಿಲ್ಲ. ದೊಡ್ಡವರ ಜಗಳಕ್ಕೆ, ರಾಜಕೀಯಕ್ಕೆ, ತಮಾಷೆಗೆ ಅವು ಒದಗಿ ಬಂದವು. ಒಬ್ಬ ನಲವತ್ತು ವರ್ಷದ ಮಲಯಾಳಿ ಇನ್ನೊಬ್ಬನನ್ನು ‘ನೀನೊಬ್ಬ ಕುಟ್ಟೂಸನ್’ (ಚಿತ್ರಕಥೆಯೊಂದರ ಮಂತ್ರವಾದಿ) ಅಂದರೆ ಮುಂದೆ ವಿವರಿಸಬೇಕಾಗಿಲ್ಲ. ಹಿಂದೂ, ಮುಸ್ಲಿಂ, ಕ್ರೈಸ್ತ, ಎಡ, ಬಲ ಎಲ್ಲರಿಗೂ ಅರ್ಥವಾಗುತ್ತದೆ. ಇಷ್ಟು ಹಂಚಿ ಹೋಗಿರುವ ಸಮಾಜದಲ್ಲಿ ಎಲ್ಲರಿಗೂ ಒಂದೇ ಬಾಲ್ಯ ಸಿಕ್ಕಿದ್ದು ಹೇಗೆ? ನನ್ನ ಕುತೂಹಲ ಅದು.

ಮೊದಲು ಊರಿನ ವಿಷಯ. ಕೋಟ್ಟಯಂ ಅಕ್ಷರದ ಊರು. ಬೆಂಜಮಿನ್ ಬೈಲಿ ಎಂಬ ಮಿಷನರಿ 1821ರಲ್ಲಿ ಅಲ್ಲಿ ಅಚ್ಚುಕೂಟ ಶುರು ಮಾಡಿದರು. ಮಲಯಾಳ ಮನೋರಮ ಅಲ್ಲಿಯದು, ದೀಪಿಕ ಅಲ್ಲಿಯದು, ಮಂಗಳಂ ಅಲ್ಲಿಯದು. ಬರಹಗಾರರೇ ಸೇರಿ 1945ರಲ್ಲಿ ಕಟ್ಟಿದ ಸಾಹಿತ್ಯ ಪ್ರವರ್ತಕ ಸಹಕಾರ ಸಂಘವೂ ಅಲ್ಲಿಯದೇ. ಅದೇ 1945ರಲ್ಲಿ ಅಂಬಲಪ್ಪುಳದಲ್ಲಿ ಪಿ. ಎನ್. ಪಣಿಕ್ಕರ್ ಅವರು ಊರೂರಿನ ವಾಚನಾಲಯಗಳವರನ್ನು ಸೇರಿಸಿ ಗ್ರಂಥಾಲಯ ಚಳವಳಿಗೆ ರೂಪ ಕೊಟ್ಟರು. ಕೇರಳದ ಹಳ್ಳಿಗೆ ಹೋದರೆ ಚಹಾದಂಗಡಿ, ಪಾರ್ಟಿ ಆಫೀಸು, ವಾಯನಶಾಲೆ (ವಾಚನಾಲಯ) ಮೂರೂ ಇರುತ್ತವೆ. ವಾಯನಶಾಲೆಯ ಮೇಜಿನ ಮೇಲೆ ದೊಡ್ಡವರ ಪೇಪರಿನ ಪಕ್ಕ ಮಕ್ಕಳ ಪುಸ್ತಕವೂ ಬಿದ್ದಿರುತ್ತದೆ.

ಎರಡನೆಯದು ಪೇಪರ್ ಏಜೆಂಟ್. ಇದನ್ನು ಸಾಹಿತ್ಯದ ಚರಿತ್ರೆ ಬರೆಯುವವರು ಬಿಟ್ಟೇಬಿಡುತ್ತಾರೆ. ಬೆಳಿಗ್ಗೆ ಪೇಪರ್ ಹಾಕುವವನೇ ಮಕ್ಕಳ ಪತ್ರಿಕೆಯನ್ನೂ ಜಗಲಿಗೆ ಎಸೆದು ಹೋಗುತ್ತಾನೆ. ತಿಂಗಳ ಕೊನೆಗೆ ಪೇಪರ್ ಬಿಲ್ಲಿನಲ್ಲೇ ಅದರ ದುಡ್ಡೂ ಸೇರುತ್ತದೆ. ಅಪ್ಪ ಅಮ್ಮ ಪ್ರತಿ ಸಲ ಜೇಬಿಗೆ ಕೈ ಹಾಕಿ ಯೋಚಿಸಬೇಕಾಗಿಲ್ಲ. ಮಕ್ಕಳ ಪತ್ರಿಕೆ ಉಳಿಯಬೇಕಾದರೆ ಒಳ್ಳೆಯ ಕಥೆಗಿಂತ ಮೊದಲು ಇದು ಬೇಕು. ನನ್ನ ಮಾತು ಸ್ವಲ್ಪ ವ್ಯಾಪಾರದ ಮಾತಿನ ಹಾಗೆ ಕೇಳಿಸಬಹುದು. ಇರಲಿ.

ಇದರ ಫಲವಾಗಿ ಹೆಚ್ಚು ಕಡಿಮೆ ಪ್ರತಿ ದೊಡ್ಡ ಪತ್ರಿಕಾ ಮನೆಗೂ ಒಂದು ಮಕ್ಕಳ ಪತ್ರಿಕೆ ಬಂತು. ಮನೋರಮದವರು 1972ರಲ್ಲಿ ಬಾಲರಮ ತಂದರು. ಮಂಗಳಂನವರ ಬಾಲಮಂಗಳಂ 1980ರಲ್ಲಿ ಬಂತು. ಮಾತೃಭೂಮಿಯವರು ತಡಮಾಡಿ 1996ರಲ್ಲಿ ಬಾಲಭೂಮಿ ಶುರು ಮಾಡಿದರು. ದೀಪಿಕದವರದ್ದು ಕುಟ್ಟಿಗಳುಡೆ ದೀಪಿಕ. ಮುಸ್ಲಿಂ ಓದುಗರ ನಡುವೆ ಮಲರ್ವಾಡಿ ಇತ್ತು. ಸರ್ಕಾರದ ಬಾಲಸಾಹಿತ್ಯ ಸಂಸ್ಥೆಯಿಂದ ತಳಿರ್ ಬಂತು, ಅದಕ್ಕೆ ಕವಿ ಸುಗತಕುಮಾರಿ ಸಂಪಾದಕರಾಗಿದ್ದರು. ಚೆನ್ನೈಯಿಂದ ಬರುತ್ತಿದ್ದ ಚಂದಮಾಮ ಅಲ್ಲಿ ಅಂಬಿಳಿ ಅಮ್ಮಾವನ್ ಆಗಿತ್ತು. ಈ ಒಂದೊಂದು ಮನೆಗೂ ತನ್ನದೇ ರಾಜಕೀಯ, ತನ್ನದೇ ಸಮುದಾಯ ಇದೆ. ಮನೆಗೆ ಯಾವ ಪೇಪರ್ ಬರುತ್ತದೆ ಅಂತ ನೋಡಿದರೆ ಆ ಮನೆಯವರ ಓಟು ಯಾರಿಗೆ ಅಂತ ಅಂದಾಜು ಮಾಡುವ ಕಾಲ ಅದು. ಮಕ್ಕಳಿಗೆ ಮಾತ್ರ ಇದ್ಯಾವುದೂ ಲೆಕ್ಕಕ್ಕಿಲ್ಲ. ನನ್ನ ಬಾಲರಮ ನಿನಗೆ, ನಿನ್ನ ಬಾಲಮಂಗಳಂ ನನಗೆ ಅಂತ ಶಾಲೆಯಲ್ಲಿ ಅದಲುಬದಲು.

ಪತ್ರಿಕೆಗಳು ಇಷ್ಟೊಂದು ಬರುವ ಮೊದಲೂ ಮಕ್ಕಳಿಗೆ ಅಂತ ಬರೆಯುವವರಿದ್ದರು. ಅದರಲ್ಲಿ ಒಬ್ಬರನ್ನು ಬಿಟ್ಟು ಮುಂದೆ ಹೋಗಲಾರೆ. ಕುಂಞುಣ್ಣಿ ಮಾಷ್. ತ್ರಿಶ್ಶೂರು ಕಡೆಯ ವಲಪ್ಪಾಡಿನವರು, ಕೋಳಿಕ್ಕೋಡಿನ ಶಾಲೆಯಲ್ಲಿ ಮೇಷ್ಟ್ರು. ಎರಡು ಸಾಲು, ನಾಲ್ಕು ಸಾಲಿನ ಕವಿತೆ ಬರೆಯುತ್ತಿದ್ದರು. ನೋಡಲು ಮಕ್ಕಳ ಪದ್ಯ. ಒಳಗೆ ಕೈ ಹಾಕಿದರೆ ಸಿಕ್ಕುವುದು ಬೇರೆ. ಮಾತೃಭೂಮಿ ವಾರಪತ್ರಿಕೆಯ ಮಕ್ಕಳ ಪುಟ ಬಾಲಪಂಕ್ತಿಯನ್ನು ಅವರು ಬಹಳ ಕಾಲ ‘ಕುಟ್ಟೇಟ್ಟನ್’ ಎಂಬ ಹೆಸರಿನಲ್ಲಿ ನೋಡಿಕೊಂಡರು. ಮಕ್ಕಳು ಕಳಿಸಿದ್ದನ್ನು ಓದಿ, ತಿದ್ದಿ, ಅಚ್ಚು ಹಾಕುತ್ತಿದ್ದರು. ಮುಂದೆ ಹೆಸರು ಮಾಡಿದ ಎಷ್ಟೋ ಮಲಯಾಳಂ ಬರಹಗಾರರ ಮೊದಲ ಸಾಲು ಅಚ್ಚಾದದ್ದು ಆ ಪುಟದಲ್ಲಿ. ಮದುವೆಯಾಗಲಿಲ್ಲ, ಮಕ್ಕಳಿರಲಿಲ್ಲ. ಊರಿನ ಮಕ್ಕಳೆಲ್ಲ ಪತ್ರ ಬರೆಯುತ್ತಿದ್ದರು, ಮಾಷ್ ಉತ್ತರ ಬರೆಯುತ್ತಿದ್ದರು. 2006ರಲ್ಲಿ ತೀರಿಕೊಂಡರು. ಚಿತ್ರಕಥೆಗಳ ಗದ್ದಲದಲ್ಲಿ ಈ ಧಾರೆ ಸ್ವಲ್ಪ ತೆಳುವಾಯಿತು ಅನ್ನುವುದು ನನ್ನ ಬೇಸರ.

ಆಮೇಲೆ ಪೂಂಬಾಟ್ಟ. ಅಂದರೆ ಚಿಟ್ಟೆ. ಇದನ್ನು 1964ರಲ್ಲಿ ಶುರು ಮಾಡಿದವರು ಪಿ. ಎ. ವಾರಿಯರ್. 1978ರಲ್ಲಿ ಎರ್ನಾಕುಳಂನ ಪೈ ಆಂಡ್ ಕಂಪನಿ, ಅಂದರೆ ಪೈಕೋ, ಅದನ್ನು ಕೈಗೆ ತೆಗೆದುಕೊಂಡಿತು. ಅಲ್ಲಿಂದ ಪೂಂಬಾಟ್ಟದ ಬಣ್ಣವೇ ಬೇರೆ. ಕಪೀಶ ಎಂಬ ಕೋತಿ, ಕಾಲಿಯ ಎಂಬ ಕಾಗೆ, ಅಮರ ಚಿತ್ರಕಥೆಯ ಪುರಾಣಗಳು ಎಲ್ಲ ಮಲಯಾಳಂ ಮಾತಾಡತೊಡಗಿದವು. ಇಲ್ಲಿ ನಮ್ಮವರ ಕೈಯೂ ಇದೆ ನೋಡಿ. ಅಮರ ಚಿತ್ರಕಥೆಯ ಅನಂತ ಪೈ ನಮ್ಮ ಕಾರ್ಕಳದವರು. ಕಪೀಶನನ್ನು ಹುಟ್ಟಿಸಿದ್ದೂ ಅವರೇ. ಬಾಲವನ್ನು ಎಷ್ಟು ಬೇಕಾದರೂ ಉದ್ದ ಮಾಡುವ ಆ ಕೋತಿಯನ್ನು ಬರೆದ ಕೈ ಮಾತ್ರ ಮಲಯಾಳಿಯದು, ಮೋಹನದಾಸ್ ಅವರದು. ಕಾರ್ಕಳದ ತಲೆ, ಕೇರಳದ ಕೈ, ಅಚ್ಚಾದದ್ದು ದೇಶದ ಹಲವು ಭಾಷೆಗಳಲ್ಲಿ.

ಆದರೆ ಕಪೀಶ ಎಲ್ಲ ಭಾಷೆಯ ಮಕ್ಕಳಿಗೂ ಸೇರಿದವನು. ಅವನ ಕಾಡು ಯಾವ ಊರಿನ ಕಾಡೂ ಆಗಬಹುದು. ಮಲಯಾಳಂ ಮಣ್ಣಿನ ವಾಸನೆ ಇರುವ ಪಾತ್ರ ಬರಬೇಕಾದರೆ 1984ರ ತನಕ ಕಾಯಬೇಕಾಯಿತು.

ಅದು ಮಾಯಾವಿ, ಕುಟ್ಟಿಚ್ಚಾತ್ತನ್ ಎಂಬ ತುಂಟ ಭೂತದ ರೂಪ. ಎನ್. ಎಂ. ಮೋಹನ್ ಎಂಬವರು 1983ರಲ್ಲಿ ಬಾಲರಮದ ಹೊಣೆ ಹೊತ್ತರು. ಮರುವರ್ಷ ಆಗಸ್ಟಿನಲ್ಲಿ ಮಾಯಾವಿ ಬಂದ. ಮೊದಮೊದಲು ಚಿತ್ರ ಬರೆದವರು ಪ್ರದೀಪ್ ಸಾಠೆ, ಮರಾಠಿ ಕಲಾವಿದರು. ಮುಂದೆ ಮೋಹನದಾಸ್ ಬರೆದರು. ಕಥೆ ಪ್ರತಿ ಸಲವೂ ಒಂದೇ. ಕಾಡಿನಲ್ಲಿ ಕುಟ್ಟೂಸನ್ ಎಂಬ ಮಂತ್ರವಾದಿ, ಡಾಕಿನಿ ಎಂಬ ಮುದುಕಿ. ಇಬ್ಬರಿಗೂ ಒಂದೇ ಹುಚ್ಚು: ಮಾಯಾವಿಯನ್ನು ಹಿಡಿದು ಕುಪ್ಪಿಯೊಳಗೆ ಹಾಕಬೇಕು. ಅವರ ಕಡೆ ಲುಟ್ಟಾಪ್ಪಿ ಅಂತ ಕೆಂಪು ಬಣ್ಣದ ಕುಟ್ಟಿ ಪಿಶಾಚಿ. ಅವನು ಈಟಿಯ ಮೇಲೆ ಕೂತು ಹಾರುತ್ತಾನೆ. ಜೊತೆಗೆ ವಿಕ್ರಮನ್, ಮುತ್ತು ಎಂಬ ಕಳ್ಳರು, ಲೊಟ್ಟುಲೊಡುಕ್ಕು ಎಂಬ ತಲೆಕೆಟ್ಟ ವಿಜ್ಞಾನಿ. ಈ ಕಡೆ ರಾಜು, ರಾಧ ಎಂಬ ಇಬ್ಬರು ಮಕ್ಕಳು. ಕಷ್ಟ ಬಂದಾಗ ಮಕ್ಕಳು ‘ಓಂ ಹ್ರೀಂ ಕುಟ್ಟಿಚ್ಚಾತ್ತಾ’ ಅಂತ ಕೂಗುತ್ತಾರೆ. ಮಾಯಾವಿ ಬರುತ್ತಾನೆ, ಕೋಲು ಬೀಸುತ್ತಾನೆ, ಎಲ್ಲ ಸರಿಹೋಗುತ್ತದೆ. ನಾಲ್ಕೈದು ಪುಟದಲ್ಲಿ ಮುಗಿಯುವ ಕಥೆ, ನಾಲ್ಕು ದಶಕ ನಡೆದುಕೊಂಡು ಬಂದಿದೆ.

ಕುಟ್ಟಿಚ್ಚಾತ್ತನ್ ಅಂದರೆ ಏನು ಅಂತ ತುಳುನಾಡಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕಣ್ಣೂರು, ಕಾಸರಗೋಡಿನಲ್ಲಿ ಅವನ ತೆಯ್ಯಂ (ನಮ್ಮ ಭೂತಕೋಲದಂಥದ್ದು) ಕಟ್ಟುತ್ತಾರೆ. ಮಂತ್ರವಾದಿಗಳು ಅವನನ್ನು ವಶ ಮಾಡಿಕೊಂಡು ಬೇಡದವರ ಮನೆಗೆ ಬಿಡುತ್ತಾರೆ ಅನ್ನುವ ನಂಬಿಕೆ ಇದೆ. ಮನೆಯ ಮೇಲೆ ಕಲ್ಲು ಬಿದ್ದರೆ, ಅನ್ನದಲ್ಲಿ ಕೂದಲು ಸಿಕ್ಕಿದರೆ ಚಾತ್ತನ ಕೆಲಸ ಅನ್ನುತ್ತಿದ್ದ ಕಾಲ ಬಹಳ ಹಿಂದಿನದಲ್ಲ. ಕೊಟ್ಟಾರತ್ತಿಲ್ ಶಂಕುಣ್ಣಿಯವರ ಐತಿಹ್ಯಗಳ ಸಂಗ್ರಹ ಐತಿಹ್ಯಮಾಲದಲ್ಲಿ ಇಂಥ ಮಂತ್ರವಾದಿಗಳು, ಯಕ್ಷಿಯರು ತುಂಬಿದ್ದಾರೆ. ಅದೂ ಮೊದಲು ಬಂದದ್ದು ಮನೋರಮದವರ ಭಾಷಾಪೋಷಿಣಿ ಪತ್ರಿಕೆಯಲ್ಲೇ. ಅಂಥ ಹೆದರಿಕೆಯ ವಸ್ತುವನ್ನು ತೆಗೆದುಕೊಂಡು ಬಾಲರಮ ಏನು ಮಾಡಿತು? ಅವನನ್ನು ಮಕ್ಕಳ ಗೆಳೆಯನನ್ನಾಗಿ ಮಾಡಿತು. ಹೆದರಬೇಕಾದದ್ದು ಚಾತ್ತನಿಗೆ ಅಲ್ಲ, ಅವನನ್ನು ಕುಪ್ಪಿಯಲ್ಲಿ ಹಾಕಲು ಹೊರಟ ದೊಡ್ಡ ಮನುಷ್ಯರಿಗೆ ಅಂತ ಕಥೆಯನ್ನು ತಿರುಗಿಸಿತು. ಅದೇ ವರ್ಷ, ಅದೇ ಆಗಸ್ಟಿನಲ್ಲಿ ದೇಶದ ಮೊದಲ ತ್ರೀಡಿ ಸಿನಿಮಾ ‘ಮೈ ಡಿಯರ್ ಕುಟ್ಟಿಚ್ಚಾತ್ತನ್’ ಕೇರಳದಲ್ಲಿ ಬಿಡುಗಡೆಯಾಯಿತು. ಅದರಲ್ಲೂ ಮಂತ್ರವಾದಿಯ ಕೈಯಿಂದ ಚಾತ್ತನನ್ನು ಬಿಡಿಸುವವರು ಮಕ್ಕಳೇ. ಯಾರು ಯಾರನ್ನು ನೋಡಿ ಬರೆದರು ಅಂತ ಹುಡುಕುವುದು ಬೇಡ. ಆ ಹೊತ್ತಿಗೆ ಕೇರಳದ ಮಧ್ಯಮ ವರ್ಗ ತನ್ನ ಹಳೆಯ ಹೆದರಿಕೆಯನ್ನು ನಗುತ್ತಾ ನೋಡಲು ತಯಾರಾಗಿತ್ತು ಅಂತ ನಾನು ಓದಿಕೊಳ್ಳುತ್ತೇನೆ.

ಇನ್ನೊಂದು ಗಮನಿಸಿ. ಮನೋರಮ ನಡೆಸುವುದು ಒಂದು ಸಿರಿಯನ್ ಕ್ರೈಸ್ತ ಕುಟುಂಬ. ಅವರ ಮಕ್ಕಳ ಪತ್ರಿಕೆಯ ಹೀರೋ ಹಿಂದೂ ಜಾನಪದದ ಚಾತ್ತನ್. ಆ ಪತ್ರಿಕೆಯನ್ನು ಮಲಪ್ಪುರಂನ ಮುಸ್ಲಿಂ ಮನೆಯ ಮಕ್ಕಳು ಓದಿ ನಗುತ್ತಾರೆ. ರಾಜು, ರಾಧ ಅಂತ ಬರೀ ಹೆಸರು, ಹಿಂದೆ ಮುಂದೆ ಏನೂ ಇಲ್ಲ. ಹೆಸರು ಕೇಳಿದ ಕೂಡಲೇ ಜಾತಿ ಧರ್ಮ ಹೇಳಿಬಿಡುವ ನಾಡಿನಲ್ಲಿ ಇದು ಸಣ್ಣ ವಿಷಯವಲ್ಲ. ಬೇಕಂತಲೇ ಮಾಡಿದರೋ, ಎಲ್ಲರ ಮನೆಗೂ ಮಾರಾಟವಾಗಲಿ ಅಂತ ಮಾಡಿದರೋ, ಫಲ ಒಂದೇ.

ಮಕ್ಕಳದ್ದೇ ಅಲ್ಲದ, ಆದರೆ ಮಕ್ಕಳೇ ಮೊದಲು ಕಿತ್ತುಕೊಂಡು ಓದುತ್ತಿದ್ದ ಒಂದು ಚಿತ್ರಕಥೆಯೂ ಇದೆ. ಬೋಬನುಂ ಮೋಳಿಯುಂ. ಬರೆದವರು ಟೋಮ್ಸ್, ಪೂರ್ತಿ ಹೆಸರು ವಿ. ಟಿ. ತೋಮಸ್, ಕುಟ್ಟನಾಡಿನವರು. ಮಲಯಾಳ ಮನೋರಮ ವಾರಪತ್ರಿಕೆಯ ಕೊನೆಯ ಪುಟದಲ್ಲಿ ಅದು ಬರುತ್ತಿತ್ತು. ಹಾಗಾಗಿ ಮಲಯಾಳಿಗಳು ಆ ಪತ್ರಿಕೆಯನ್ನು ಹಿಂದಿನಿಂದ ಓದುತ್ತಿದ್ದರು. ಬೋಬನ್, ಮೋಳಿ ಅವಳಿ ಮಕ್ಕಳು, ಒಂದು ನಾಯಿ ಯಾವಾಗಲೂ ಜೊತೆಗೆ. ಅಪ್ಪ ಕೇಸಿಲ್ಲದ ವಕೀಲ. ಊರಿಗೆ ಇಟ್ಟುಣ್ಣನ್ ಎಂಬ ಪಂಚಾಯತ್ ಅಧ್ಯಕ್ಷ, ಅವನನ್ನು ಆಳುವ ಹೆಂಡತಿ ಚೇಟ್ಟತ್ತಿ. ಕೇರಳದ ಪಂಚಾಯತ್ ರಾಜಕೀಯವನ್ನು ಇಷ್ಟು ಚೆನ್ನಾಗಿ ತೋರಿಸಿದ ಬರಹ ಬೇರೆ ಇದೆಯೋ ಇಲ್ಲವೋ, ನನಗೆ ಸಿಕ್ಕಿಲ್ಲ. ದೊಡ್ಡವರು ಸುಳ್ಳು ಹೇಳುತ್ತಾರೆ, ಮಕ್ಕಳು ಅದನ್ನು ಎಲ್ಲರ ಮುಂದೆ ಬಿಚ್ಚಿಡುತ್ತಾರೆ. ಪ್ರತಿ ವಾರ ಇಷ್ಟೇ.

ಈ ಮಕ್ಕಳು ಕೋರ್ಟಿಗೂ ಹೋದರು. ಟೋಮ್ಸ್ 1987ರಲ್ಲಿ ಮನೋರಮ ಬಿಟ್ಟರು. ಬಿಟ್ಟ ಮೇಲೆ ಬೋಬನ್, ಮೋಳಿ ಯಾರವರು ಅನ್ನುವ ಪ್ರಶ್ನೆ ಬಂತು. ಸಂಬಳ ಕೊಟ್ಟ ಸಂಸ್ಥೆಯದೋ, ಬರೆದ ಕೈಯದೋ? ಪಾತ್ರಗಳು ತಾನು ಕೆಲಸಕ್ಕೆ ಸೇರುವ ಮೊದಲೇ ಹುಟ್ಟಿದವು ಅಂತ ಟೋಮ್ಸ್ ವಾದ. ಕೇರಳ ಹೈಕೋರ್ಟ್ ಟೋಮ್ಸ್ ಕಡೆ ನಿಂತಿತು: ಕೆಲಸ ಬಿಟ್ಟ ಮೇಲೆ ಅವರು ಹೊಸದಾಗಿ ಬರೆಯುವ ಚಿತ್ರಗಳನ್ನು ಸಂಸ್ಥೆ ತಡೆಯುವಂತಿಲ್ಲ. ಹಕ್ಕುಸ್ವಾಮ್ಯದ ಕಾನೂನು ಓದುವವರು ಇವತ್ತೂ ಈ ಕೇಸನ್ನು ಓದುತ್ತಾರೆ. ಟೋಮ್ಸ್ ಆಮೇಲೆ ತಮ್ಮದೇ ಪುಸ್ತಕಗಳಾಗಿ ಅದನ್ನು ತಂದರು. 2016ರಲ್ಲಿ ತೀರಿಕೊಂಡರು. ಮಕ್ಕಳ ಚಿತ್ರಕಥೆ ಅಂದರೆ ಹೆಸರಿಲ್ಲದ ಕಲಾವಿದರ ಲೋಕ. ಯಾರು ಬರೆದರು ಅಂತ ಪುಟದ ಮೂಲೆಯಲ್ಲೂ ಇರುವುದಿಲ್ಲ ಎಷ್ಟೋ ಸಲ. ಆ ಲೋಕದಿಂದ ಒಬ್ಬ ಕಲಾವಿದ ಎದ್ದು ನಿಂತು ಇದು ನನ್ನದು ಅಂದದ್ದು ನನಗೆ ಬಹಳ ದೊಡ್ಡ ವಿಷಯ ಅನ್ನಿಸುತ್ತದೆ.

ಮಲಯಾಳಿಗಳಿಗೂ ಗೆರೆಗೂ ಏನೋ ನಂಟಿದೆ. ದೆಹಲಿಯಲ್ಲಿ ಶಂಕರ್ಸ್ ವೀಕ್ಲಿ ನಡೆಸಿದ, ಮಕ್ಕಳಿಗಾಗಿ ಚಿಲ್ಡ್ರನ್ಸ್ ಬುಕ್ ಟ್ರಸ್ಟ್ ಕಟ್ಟಿದ ವ್ಯಂಗ್ಯಚಿತ್ರಕಾರ ಶಂಕರ್ ಕಾಯಂಕುಳಂನವರು. ಅಬು ಅಬ್ರಹಾಂ, ಓ. ವಿ. ವಿಜಯನ್ ಹೀಗೆ ಸಾಲು ದೊಡ್ಡದು. ಸಿನಿಮಾ ನಿರ್ದೇಶಕ ಜಿ. ಅರವಿಂದನ್ ಮೊದಲು ಮಾತೃಭೂಮಿ ವಾರಪತ್ರಿಕೆಯಲ್ಲಿ ಹತ್ತು ವರ್ಷಕ್ಕಿಂತ ಜಾಸ್ತಿ ಕಾಲ ಒಂದು ಚಿತ್ರಕಥೆ ಬರೆದರು, 1961ರಿಂದ. ಚಿತ್ರದ ಚೌಕಟ್ಟಿನೊಳಗೆ ಓದುವುದು ಕೀಳು ಅಂತ ಅಲ್ಲಿನ ದೊಡ್ಡವರಿಗೆ ಅನ್ನಿಸದೇ ಇರಲು ಇದೂ ಒಂದು ಕಾರಣ ಇರಬೇಕು.

ಎಲ್ಲರೂ ಇದನ್ನು ಮೆಚ್ಚಲಿಲ್ಲ ಅನ್ನುವುದನ್ನೂ ಹೇಳಬೇಕು. ಕೇರಳ ಶಾಸ್ತ್ರ ಸಾಹಿತ್ಯ ಪರಿಷತ್ತು, 1962ರಲ್ಲಿ ಹುಟ್ಟಿದ್ದು, 1970ರಲ್ಲಿ ಯುರೇಕಾ ಎಂಬ ಮಕ್ಕಳ ವಿಜ್ಞಾನ ಪತ್ರಿಕೆ ಶುರು ಮಾಡಿತು. ಬಾಲರಮಕ್ಕಿಂತ ಎರಡು ವರ್ಷ ದೊಡ್ಡದು. ಅದು ಏಜೆಂಟನ ಕೈಯಿಂದ ಬರುವುದಕ್ಕಿಂತ ಮೇಷ್ಟ್ರ ಕೈಯಿಂದ ಬಂದದ್ದೇ ಹೆಚ್ಚು. ಪರಿಷತ್ತಿನ ಕಾರ್ಯಕರ್ತರಲ್ಲಿ ಶಾಲಾ ಶಿಕ್ಷಕರೇ ಜಾಸ್ತಿ. ಊರೂರಲ್ಲಿ ಬಾಲವೇದಿ ಕಟ್ಟಿ, ಯುರೇಕಾ ಹೆಸರಿನಲ್ಲಿ ವಿಜ್ಞಾನೋತ್ಸವ ನಡೆಸಿದರು. ನಮ್ಮ ಕರ್ನಾಟಕ ರಾಜ್ಯ ವಿಜ್ಞಾನ ಪರಿಷತ್ತಿನ ಬಾಲವಿಜ್ಞಾನ ನೋಡಿದವರಿಗೆ ಆ ಬಗೆ ಗೊತ್ತು. ಅವರ ತಕರಾರು ಸರಳ: ಮಂತ್ರದ ಕೋಲು ಬೀಸಿದರೆ ಕಷ್ಟ ತೀರುತ್ತದೆ ಅಂತ ಮಕ್ಕಳಿಗೆ ಹೇಳಿಕೊಡುವುದು ಯಾಕೆ? ಕಪ್ಪೆ ಯಾಕೆ ವಟಗುಟ್ಟುತ್ತದೆ ಅಂತ ಹೇಳಿಕೊಡೋಣ. ಸೈಲೆಂಟ್ ವ್ಯಾಲಿ ಕಾಡು ಉಳಿಸಿ ಎಂದು ಬೀದಿಗಿಳಿದ ಸಂಘಟನೆ ಇದೇ. ಯುರೇಕಾ ಓದಿದ ಮಕ್ಕಳಿಗೆ ಕಾಡು ಅಂದರೆ ಕುಟ್ಟೂಸನ್ ಇರುವ ಜಾಗ ಮಾತ್ರ ಆಗಿ ಉಳಿಯಲಿಲ್ಲ.

ಈ ಎರಡರಲ್ಲಿ ಒಂದನ್ನು ಆರಿಸು ಅಂದರೆ ನಾನು ಆರಿಸುವುದಿಲ್ಲ. ಮಕ್ಕಳೂ ಆರಿಸಲಿಲ್ಲ. ಯುರೇಕಾದಲ್ಲಿ ಗ್ರಹಣ ಓದಿ, ಸಂಜೆ ಮಾಯಾವಿ ಓದಿದವರೇ ಹೆಚ್ಚು. ಮಾಯಾವಿ ಓದಿ ಮಂತ್ರವಾದಿಯ ಹತ್ತಿರ ಓಡಿದ ಮಕ್ಕಳನ್ನು ನಾನಂತೂ ಕಂಡಿಲ್ಲ. ಬದಲಿಗೆ ಮಂತ್ರವಾದಿ ಅಂದ ಕೂಡಲೇ ಕುಟ್ಟೂಸನ್ ನೆನಪಾಗಿ ನಗು ಬರುತ್ತದೆ. ಅದೂ ಒಂದು ರೀತಿ ವೈಚಾರಿಕತೆಯೇ ಅಲ್ವಾ?

ನನ್ನ ತಕರಾರು ಬೇರೆ ಕಡೆ ಇದೆ. ರಾಧ ಯಾವಾಗಲೂ ರಾಜುವಿನ ಹಿಂದೆ. ಹುಡುಗಿ ಮುಂದೆ ನಿಂತು ನಡೆಸುವ ಕಥೆಗಳು ಈ ಪತ್ರಿಕೆಗಳಲ್ಲಿ ತೀರಾ ಕಡಿಮೆ. ಕೆಟ್ಟವಳು ಅಂದರೆ ಮುದುಕಿ, ಚೂಪು ಮೂಗು. ದಪ್ಪಗಿರುವವನು ಪೆದ್ದ, ಲಂಬೋದರನ ಹೆಸರೇ ಹೇಳುತ್ತದೆ. ಊಟಕ್ಕಿಲ್ಲದ ಮನೆ, ಗಲ್ಫಿಗೆ ಹೋಗಿ ಎರಡು ವರ್ಷಕ್ಕೊಮ್ಮೆ ಬರುವ ಅಪ್ಪ, ಇಂಥವು ಕೇರಳದ ಬಾಲ್ಯದ ನಿಜ. ಚಿತ್ರಕಥೆಯಲ್ಲಿ ಅವಕ್ಕೆ ಜಾಗ ಇರಲಿಲ್ಲ. ಎಲ್ಲರಿಗೂ ಒಂದೇ ಬಾಲ್ಯ ಅಂದೆ. ಆ ಬಾಲ್ಯದಿಂದ ಕೆಲವನ್ನು ಹೊರಗೆ ಇಟ್ಟಿದ್ದರಿಂದಲೇ ಅದು ಎಲ್ಲರಿಗೂ ಹೊಂದಿಕೊಂಡಿತು. ಇದನ್ನು ಮರೆಯಬಾರದು.

ಗಲ್ಫ್ ಅಂದ ಮೇಲೆ ನೆನಪಾಯಿತು. ದುಬೈ, ಮಸ್ಕತ್, ದೋಹಾದ ಮಲಯಾಳಿ ಮಕ್ಕಳು ಇಂಗ್ಲಿಷ್ ಮೀಡಿಯಂ ಶಾಲೆಗೆ ಹೋಗುತ್ತಾರೆ. ಮಲಯಾಳಂ ಅಕ್ಷರ ಕಲಿತದ್ದೇ ಬಾಲರಮದಿಂದ ಅಂತ ಹೇಳುವ ಎಷ್ಟೋ ಜನ ನನಗೆ ಸಿಕ್ಕಿದ್ದಾರೆ. ಪಾಠದ ಪುಸ್ತಕ ಹಿಡಿದು ಕೂರಿಸಿದರೆ ಅಳುತ್ತಿದ್ದವರು ಲುಟ್ಟಾಪ್ಪಿ ಏನು ಹೇಳಿದ ಅಂತ ತಿಳಿಯಲು ಅಕ್ಷರ ಕೂಡಿಸಿ ಓದಿದರು. ಕೇರಳದ ಒಳಗೂ ಇಂಗ್ಲಿಷ್ ಮೀಡಿಯಂ ಮಕ್ಕಳ ಕಥೆ ಇದೇ.

ಈಗ ಡಿಂಗನ ಹತ್ತಿರ ವಾಪಸು ಬರೋಣ, ಯಾಕೆಂದರೆ ಅವನ ಎರಡನೇ ಜನ್ಮ ಇನ್ನೂ ರುಚಿ. ಡಿಂಕನ್ ಕಥೆ ಹೀಗಿದೆ: ಪಂಕಿಲ ಎಂಬ ಕಾಡಿನ ಒಂದು ತುಂಟ ಇಲಿ. ಬೇರೆ ಗ್ರಹದವರು ಅವನನ್ನು ಎತ್ತಿಕೊಂಡು ಹೋಗಿ ಪ್ರಯೋಗ ಮಾಡುತ್ತಾರೆ. ಅವನಿಗೆ ಅಪಾರ ಶಕ್ತಿ ಬರುತ್ತದೆ. ಕಾಡಿಗೆ ಮರಳಿ ಎಲ್ಲರನ್ನೂ ಕಾಯುತ್ತಾನೆ. ಇದನ್ನು ಓದಿ ಬೆಳೆದ ಕೆಲವು ನಾಸ್ತಿಕ ಯುವಕರು ಇಂಟರ್‌ನೆಟ್ಟಿನಲ್ಲಿ ಒಂದು ಮತ ಕಟ್ಟಿದರು. ಹೆಸರು ಡಿಂಕಮತ. ಡಿಂಕನೇ ನಿಜವಾದ ದೇವರು, ಬಾಲಮಂಗಳಂ ಪವಿತ್ರ ಗ್ರಂಥ. ಯಾರಾದರೂ ನಕ್ಕರೆ ನಮ್ಮ ಧಾರ್ಮಿಕ ಭಾವನೆಗೆ ಧಕ್ಕೆಯಾಯಿತು ಅಂತ ಗಂಭೀರವಾಗಿ ಗದ್ದಲ. ನಿಮ್ಮ ಗ್ರಂಥದಲ್ಲಿ ಬರೆದದ್ದು ನಿಜವಾದರೆ ನಮ್ಮ ಗ್ರಂಥದಲ್ಲಿ ಅಚ್ಚಾದದ್ದು ಯಾಕೆ ಸುಳ್ಳು, ಅನ್ನುವುದು ಅವರ ವಾದ.

2016ರಲ್ಲಿ ‘ಪ್ರೊಫೆಸರ್ ಡಿಂಕನ್’ ಅಂತ ಒಂದು ಸಿನಿಮಾ ಬರುತ್ತದೆ ಎಂದು ಸುದ್ದಿಯಾಯಿತು. ಡಿಂಕಮತದವರು ಕೊಚ್ಚಿಯಲ್ಲಿ ಬೋರ್ಡು ಹಿಡಿದು ಪ್ರತಿಭಟನೆ ಮಾಡಿದರು. ನಮ್ಮ ದೇವರ ಹೆಸರನ್ನು ಸಿನಿಮಾಕ್ಕೆ ಇಡುವುದೇ? ಟಿವಿಯವರು ಬಂದರು, ಪೇ‌ಪರಿನವರು ಬಂದರು. ಮೂಷಿಕ ಸೇನೆ ಅಂತಲೂ ಒಂದು ಇತ್ತು. ಅದೇ ವರ್ಷ ಕೋಳಿಕ್ಕೋಡಿನಲ್ಲಿ ಡಿಂಕಮತದ ಸಮ್ಮೇಳನವೇ ನಡೆಯಿತು. ನಗೆಯಾಟ ಅಂತ ಎಲ್ಲರಿಗೂ ಗೊತ್ತು. ಆದರೆ ಭಾವನೆಗೆ ಧಕ್ಕೆ ಅನ್ನುವ ಮಾತು ಎಷ್ಟು ಸಲೀಸಾಗಿ ಬಳಕೆಯಾಗುತ್ತದೆ ಅಂತ ತೋರಿಸಲು ಇದಕ್ಕಿಂತ ಒಳ್ಳೆಯ ದಾರಿ ಅವರಿಗೆ ಸಿಗುತ್ತಿರಲಿಲ್ಲ. ರಾಮನನ್ನೋ, ಯೇಸುವನ್ನೋ, ಪ್ರವಾದಿಯನ್ನೋ ಹಿಡಿದು ತಮಾಷೆ ಮಾಡಿದ್ದರೆ ಊರಿಗೆ ಬೆಂಕಿ ಬೀಳುತ್ತಿತ್ತು. ಎಲ್ಲರ ಬಾಲ್ಯಕ್ಕೂ ಸೇರಿದ ಒಂದು ಇಲಿ ಇದ್ದದ್ದರಿಂದ ಮಾತು ನಡೆಯಿತು.

ವಿಪರ್ಯಾಸ ನೋಡಿ. ಆ ಪವಿತ್ರ ಗ್ರಂಥ ಆಗಲೇ ನಿಂತು ಹೋಗಿತ್ತು. ಬಾಲಮಂಗಳಂ 2012ರಲ್ಲೇ ಮುಚ್ಚಿತು.

ಎರಡನೇ ಘಟನೆ 2019ರದು. ಬಾಲರಮ ಮಾಯಾವಿಯ ಕಥೆಗೆ ಡಿಂಕಿನಿ ಎಂಬ ಹೊಸ ಪಾತ್ರವನ್ನು ತಂದಿತು. ಲುಟ್ಟಾಪ್ಪಿಯನ್ನು ಓಡಿಸುತ್ತಾರಂತೆ ಅಂತ ಸುದ್ದಿ ಹಬ್ಬಿತು. ಎರಡು ಮೂರು ದಿನದಲ್ಲಿ ಫೇಸ್‌ಬುಕ್, ವಾಟ್ಸಾಪ್ ತುಂಬ ‘ಸೇವ್ ಲುಟ್ಟಾಪ್ಪಿ’. ಮೀಮ್ ಮಾಡಿದವರು, ಪ್ರತಿಭಟನೆ ಅಂತ ಬರೆದವರು ಯಾರೂ ಚಿಕ್ಕ ಮಕ್ಕಳಲ್ಲ. ಮೂವತ್ತರ ಆಸುಪಾಸಿನ ಉದ್ಯೋಗಸ್ಥರು. ಅವರಲ್ಲಿ ಎಷ್ಟು ಮಂದಿ ಆ ವಾರ ಬಾಲರಮ ಕೊಂಡಿದ್ದರು ಅಂತ ಕೇಳಬೇಡಿ. ಅವರು ಕೂಗಿದ್ದೂ ಮಾಯಾವಿಗಾಗಿ ಅಲ್ಲ, ಖಳನಾಯಕನ ಕಡೆಯ ಕೆಂಪು ಪಿಶಾಚಿಗಾಗಿ. ಮಾಯಾವಿ ಒಳ್ಳೆಯವನು, ಪ್ರತಿ ಸಲ ಗೆಲ್ಲುತ್ತಾನೆ. ಲುಟ್ಟಾಪ್ಪಿ ಪ್ರತಿ ಸಲ ಸೋತು, ಮುಂದಿನ ವಾರ ಅದೇ ಈಟಿ ಹತ್ತಿ ಬರುತ್ತಾನೆ. ಆಫೀಸಿಗೆ ಹೋಗುವ ವಯಸ್ಸು ಬಂದ ಮೇಲೆ ಯಾರ ಮೇಲೆ ಪ್ರೀತಿ ಹುಟ್ಟುತ್ತದೆ ನೀವೇ ಹೇಳಿ. ಕೊನೆಗೆ ಬಾಲರಮದವರು ಲುಟ್ಟಾಪ್ಪಿ ಎಲ್ಲೂ ಹೋಗುವುದಿಲ್ಲ ಅಂತ ಹೇಳಬೇಕಾಯಿತು.

ಮಾತು ಮುಗಿದ ಮೇಲೆ ಒಬ್ಬರು ಹಿರಿಯರು ಕೇಳಿದರು: ಡಿಂಗ ನಮ್ಮಲ್ಲೂ ಇದ್ದ, ಚಂದಮಾಮ ಇತ್ತು, ತುಂತುರು ಇತ್ತು, ಚಂಪಕ ಇತ್ತು. ಕನ್ನಡದಲ್ಲಿ ಯಾಕೆ ಹೀಗೆ ಆಗಲಿಲ್ಲ ಸ್ವಾಮಿ?

ನನಗೆ ತೋಚಿದ್ದು ಹೇಳಿದೆ. ನಮ್ಮ ನಾಡು ದೊಡ್ಡದು. ಬೀದರಿನ ಮಗು ಓದಿದ್ದು, ಮೈಸೂರಿನ ಮಗು ಓದಿದ್ದು ಒಂದೇ ಆಗಿರಲಿಲ್ಲ. ಪುಸ್ತಕ ತಲುಪಿದ ಊರು ಕೆಲವು, ತಲುಪದ ಊರು ಹಲವು. ಅಲ್ಲಿ ಪೇಪರಿನ ಜೊತೆ ಮನೆಗೇ ಬಂತು, ಇಲ್ಲಿ ಬಸ್ ಸ್ಟ್ಯಾಂಡಿಗೆ ಹೋದರೆ ಸಿಕ್ಕಿತು. ಇನ್ನೊಂದು, ಡಿಂಗ ನಮಗೆ ಅನುವಾದವಾಗಿ ಬಂದವನು. ಅವನನ್ನು ಬರೆದವರು ನಮ್ಮ ಪೇಟೆಯಲ್ಲಿ ಓಡಾಡುತ್ತಿರಲಿಲ್ಲ. ನಮ್ಮ ಪಂಚಾಯತಿಯ ಅಧ್ಯಕ್ಷ, ನಮ್ಮ ಭೂತ, ನಮ್ಮ ಊರಿನ ಜಗಳ ಆ ಪುಟಕ್ಕೆ ಬರಲು ದಾರಿ ಇರಲಿಲ್ಲ. ಕುಟ್ಟಿಚ್ಚಾತ್ತನ್ ಮಾಯಾವಿಯಾದ ಹಾಗೆ ನಮ್ಮ ಗುಳಿಗನೋ, ಬ್ರಹ್ಮರಾಕ್ಷಸನೋ ವಾರ ವಾರ ಮಕ್ಕಳ ಮನೆಗೆ ಬರಲಿಲ್ಲ. ಹಾಗಂತ ಕನ್ನಡದಲ್ಲಿ ಮಕ್ಕಳಿಗೆ ಬರೆಯುವ ಶಕ್ತಿ ಕಡಿಮೆ ಅಂತ ಅಲ್ಲ. ಪದ್ಯದಲ್ಲಂತೂ ನಾವು ಅವರಿಗಿಂತ ಮುಂದೆಯೇ ಇರಬಹುದು.

ಇನ್ನೊಬ್ಬರು, ಕಾಲೇಜು ಹುಡುಗಿ, ಹಳೆಯ ಸಂಚಿಕೆಗಳು ಎಲ್ಲಿ ಸಿಗುತ್ತವೆ ಅಂತ ಕೇಳಿದಳು. ಸಿಗುವುದು ಕಷ್ಟ. ಗ್ರಂಥಾಲಯಗಳು ದೊಡ್ಡವರ ಪತ್ರಿಕೆಯನ್ನು ಬೈಂಡ್ ಮಾಡಿಸಿ ಇಡುತ್ತವೆ. ಮಕ್ಕಳ ಪತ್ರಿಕೆ ಹರಿದು ರದ್ದಿಗೆ ಹೋಗುತ್ತದೆ. ಕೇರಳದಲ್ಲಿ ಹಳೆಯ ಪೂಂಬಾಟ್ಟ, ಬಾಲಮಂಗಳಂ ಉಳಿದಿರುವುದು ಹೆಚ್ಚಾಗಿ ಓದುಗರ ಮನೆಯ ಅಟ್ಟದಲ್ಲಿ. ಅವರೇ ಸ್ಕ್ಯಾನ್ ಮಾಡಿ ಹಂಚಿಕೊಳ್ಳುತ್ತಾರೆ. ಕನ್ನಡದ ಬಾಲಮಂಗಳ, ಗಿಳಿವಿಂಡು ನಿಮ್ಮ ಹತ್ತಿರ ಇದ್ದರೆ ಮೊದಲು ಸಂಚಿಕೆಯ ದಿನಾಂಕ, ಚಿತ್ರ ಬರೆದವರ ಹೆಸರು ಇರುವ ಪುಟದ ಫೋಟೋ ತೆಗೆದಿಡಿ. ಹಾಳೆ ಬೇಗ ಪುಡಿಯಾಗುತ್ತದೆ, ಆ ಕಾಗದದ ಗುಣಮಟ್ಟ ಅಷ್ಟಕ್ಕಷ್ಟೇ. ಈ ಗ್ರಂಥಾಲಯದ ಮೇಲಿನ ಮಹಡಿಯಲ್ಲಿ ಒಂದು ಕಪಾಟು ಖಾಲಿ ಇದೆಯಂತೆ. ತಂದುಕೊಟ್ಟರೆ ಇಟ್ಟುಕೊಳ್ಳುತ್ತೇವೆ ಅಂತ ಗ್ರಂಥಪಾಲಕರು ಒಪ್ಪಿದ್ದಾರೆ.